ಟಕ ಟಕ ಬಿಲ್ಲೆ

“ಹಾಲು ಉಕ್ಕೋಕೆ ಮುಂಚೆ ಇದು ಕುಣಿಯುತ್ತೆ ಮಿಸ್! ಟಕ ಟಕ ಟಕ ಅಂತ ಕೂಗಿ ಕರೆಯುತ್ತೆ!”

ಬಟಾಣಿ ಬೋರ್ಡಿನ ಮುಂದೆ ನಿಂತು, ಅಂಗೈಯಗಲದ ಸ್ಟೀಲ್ ಬಿಲ್ಲೆಯೊಂದನ್ನು ಎತ್ತಿ ಹಿಡಿದಿದ್ದಳು. ಪುಟ್ಟ ದೇಹ, ಗುಂಡು ಮುಖ, ಒಂದು ಕಡೆ ನಿಲ್ಲದೆ ಉರುಳಾಡುವ ಸ್ವಭಾವ. ಹಾಗಾಗಿ ಮನೆಯಲ್ಲೂ ಶಾಲೆಯಲ್ಲೂ ಅವಳು ಬಟಾಣಿಯೇ.

ಅವತ್ತು ಕ್ಲಾಸಿನಲ್ಲಿ ಮನೆಯ ವಸ್ತುಗಳ ಕತೆ ಹೇಳುವ ದಿನ. ಮಿಸ್ಸೇ ಶುರು ಮಾಡಿದ್ದರು. “ಮೊದಲು ತಗಡಿನ ಡಬ್ಬಿ ಬಂತು. ಅದನ್ನ ತೆರೆಯೋ ಓಪನರ್ ಬಂದಿದ್ದು ಎಷ್ಟೋ ವರ್ಷ ಆದಮೇಲೆ. ಅಲ್ಲೀತನಕ ಜನ ಉಳಿ, ಸುತ್ತಿಗೆ ತಗೊಂಡು ಡಬ್ಬೀನ ಒಡೀತಿದ್ರು!” ಎಂದಾಗ ಮಕ್ಕಳೆಲ್ಲ ಹೊಟ್ಟೆ ಹಿಡಿದುಕೊಂಡು ನಕ್ಕಿದ್ದರು. ಆಮೇಲೆ ಒಬ್ಬ ಪಿನ್ನಿನ ಕತೆ ಹೇಳಿದ, ಇನ್ನೊಬ್ಬಳು ಛತ್ರಿಯ ಕತೆ ಹೇಳಿದಳು. ಎಲ್ಲವೂ ಯಾರೋ ಎಲ್ಲೋ ಯಾವಾಗಲೋ ಕಂಡುಹಿಡಿದವು.

“ಇದನ್ನ ಕಂಡುಹಿಡಿದಿದ್ದು ನಮ್ಮಪ್ಪ” ಎಂದಳು ಬಟಾಣಿ. “ಪಾತ್ರೆ ತಳದಲ್ಲಿ ಇದನ್ನ ಹಾಕಿ, ಮೇಲೆ ಹಾಲು ಹಾಕಬೇಕು. ಕಾದಾಗ ಇದರಡಿ ಆವಿ ಸೇರಿಕೊಳ್ಳುತ್ತೆ. ಆಚೆ ಹೋಗೋಕೆ ಅಂಚಲ್ಲಿ ಒಂದೇ ಒಂದು ಕಚ್ಚು ಇರೋದು. ಅದಕ್ಕೇ ಇದು ಕುಣಿಯೋದು.”

ಎರಡನೇ ಬೆಂಚಿನಿಂದ ಒಂದು ಕೈ ಮೇಲೆದ್ದಿತು. ಡಿಕ್ಷನರಿಯ ಕೈ. ಕೇಳಿದ್ದಕ್ಕೂ ಕೇಳದ್ದಕ್ಕೂ ಅವನ ಹತ್ತಿರ ಉತ್ತರ ಇರುತ್ತಿತ್ತು. ಅದಕ್ಕೇ ಆ ಹೆಸರು.

“ಮಿಸ್, ಇದು ನಮ್ಮ ದೊಡ್ಡಮ್ಮನ ಮನೇಲಿದೆ. ಗಾಜಿಂದು. ತುಂಬಾ ಹಳೇದು.”

“ಸುಳ್ಳು!” ಬಟಾಣಿಯ ಮುಖ ಕೆಂಪಾಯಿತು.

“ಸುಳ್ಳಲ್ಲ ಕಣೇ, ನಾನೇ ನೋಡಿದೀನಿ.”

ಮಿಸ್ ಫೋನ್ ತೆಗೆದು ಹುಡುಕಿದರು. ಸ್ವಲ್ಪ ಹೊತ್ತು ನೋಡಿ, ಅವಳ ಕಡೆ ತಿರುಗಿಸಿದರು. ಗಾಜಿನ ಬಿಲ್ಲೆ, ಪಿಂಗಾಣಿಯ ಬಿಲ್ಲೆ, ಸ್ಟೀಲಿನ ಬಿಲ್ಲೆ. ಒಂದೊಂದರ ಅಂಚಿನಲ್ಲೂ ಒಂದು ಕಚ್ಚು.

“ಇದು ಅಜ್ಜಿಯರ ಕಾಲದ್ದಂತೆ ಪುಟ್ಟಾ. ಪರವಾಗಿಲ್ಲ ಬಿಡು, ನಿಮ್ಮಪ್ಪ ಯಾರನ್ನೂ ಕೇಳದೆ ತಾವೇ ಯೋಚನೆ ಮಾಡಿದಾರಲ್ಲ, ಗ್ರೇಟ್! ಎಲ್ಲರೂ ಚಪ್ಪಾಳೆ ತಟ್ಟಿ.”

ಎಲ್ಲರೂ ತಟ್ಟಿದರು. ಹಿಂದಿನ ಬೆಂಚಿನಲ್ಲಿ ಯಾರೋ “ಇನ್ವೆಂಟರ್, ಇನ್ವೆಂಟರ್!” ಎಂದು ಕಿಸಕ್ಕನೆ ನಕ್ಕರು. ಬಟಾಣಿಗೆ ನೆಲ ಬಾಯಿ ಬಿಟ್ಟು ನುಂಗಬಾರದೇ ಅನ್ನಿಸಿತು.

ಸಂಜೆ ಅವಳು ಕಾಲೆಳೆದುಕೊಂಡು ಮನೆಗೆ ನಡೆದಳು.

ಅಪ್ಪ ಮೊದಲು ಪಾತ್ರೆ ಕಾರ್ಖಾನೆಯಲ್ಲಿ ಕೆಲಸಕ್ಕಿದ್ದರು. ತಟ್ಟೆಗಳ ಅಂಚು ಮಡಿಸುವ ಮೆಷಿನ್ ಅವರದು. ಕಾರ್ಖಾನೆ ಮುಚ್ಚಿತು. ಅಮ್ಮ ಬಟ್ಟೆ ಹೊಲಿಯುವ ಫ್ಯಾಕ್ಟರಿಗೆ ಹೋಗತೊಡಗಿದಳು. ಅಪ್ಪ ಗೋಡೆ ನೋಡುತ್ತಾ ಕೂತರು. ಕರೆದರೂ ಕೇಳಿಸದವರ ಹಾಗೆ ಕೂತರು.

ಒಂದು ದಿನ ಅವರ ಕಣ್ಣೆದುರೇ ಹಾಲು ಉಕ್ಕಿ ಒಲೆಯೆಲ್ಲ ಹರಿಯಿತು. ಅಮ್ಮ ರೇಗಿದಳು. ಮಾರನೇ ದಿನವೇ ಅಪ್ಪ ಹಿಂದಿನ ಓಣಿಯಲ್ಲಿ ತಗಡು, ಕತ್ತರಿ, ಅರ ಹರಡಿಕೊಂಡು ಕೂತುಬಿಟ್ಟರು. ಎಷ್ಟೋ ಬಿಲ್ಲೆಗಳು ಕೆಟ್ಟವು, ಎಷ್ಟೋ ಹಾಲು ಚೆಲ್ಲಿತು. ಕೊನೆಗೊಂದು ಬಿಲ್ಲೆ ಪಾತ್ರೆಯೊಳಗಿಂದ ಟಕ ಟಕ ಅಂದಾಗ ಮೂವರೂ ಒಲೆಯ ಮುಂದೆ ನಿಂತು ನಕ್ಕಿದ್ದೇ ನಕ್ಕಿದ್ದು. ಆ ಮನೆಯಲ್ಲಿ ನಗು ಕೇಳಿ ಯಾವ ಕಾಲವಾಗಿತ್ತೋ!

ನಾಳೆ ಅಪ್ಪ ಅದನ್ನು ತೋರಿಸಲು ಪಾತ್ರೆ ಮಾಡುವ ದೊಡ್ಡ ಕಂಪನಿಯ ಆಫೀಸಿಗೆ ಒಯ್ಯುವವರಿದ್ದರು.

ಬಟಾಣಿ ಬಾಗಿಲು ತೆರೆದಾಗ ಅಪ್ಪ ಹಾಡು ಗುನುಗುತ್ತಾ ತಮ್ಮ ಒಳ್ಳೇ ಶರ್ಟಿಗೆ ಇಸ್ತ್ರಿ ಹಾಕುತ್ತಿದ್ದರು.

“ಬಂದ್ಯಾ? ಮಿಸ್ ಏನಂದ್ರು?”

“ಗ್ರೇಟ್ ಅಂದ್ರು. ಎಲ್ಲರೂ ಚಪ್ಪಾಳೆ ತಟ್ಟಿದ್ರು.”

ಅದರಲ್ಲಿ ಒಂದಕ್ಷರವೂ ಸುಳ್ಳಿರಲಿಲ್ಲ. ಆದರೂ ಅವಳು ಅಪ್ಪನ ಮುಖ ನೋಡಲಿಲ್ಲ.

“ನೋಡಿದ್ಯಾ! ನಾಳೆ ಆ ಆಫೀಸಿನವರೂ ಹಾಗೇ ಅಂತಾರೆ.” ಅಪ್ಪ ಕಾಲರನ್ನು ತಿರುವಿ, ಮತ್ತೊಮ್ಮೆ ಒತ್ತಿದರು.

ಬಟಾಣಿಯ ಕಣ್ಣ ಮುಂದೆ ಆ ಆಫೀಸು ಬಂದು ನಿಂತಿತು. ಇಸ್ತ್ರಿ ಶರ್ಟು ಹಾಕಿಕೊಂಡು ಬಿಲ್ಲೆ ಎತ್ತಿ ಹಿಡಿದ ಅಪ್ಪ. ಎದುರಿಗೆ ಯಾರೋ ಫೋನ್ ತಿರುಗಿಸಿ ತೋರಿಸುತ್ತಿದ್ದಾರೆ. ಹಿಂದೆ ಯಾರೋ ಕಿಸಕ್ಕನೆ ನಗುತ್ತಿದ್ದಾರೆ.

“ಅಪ್ಪಾ, ನಾಳೆ ಹೋಗ್ಬೇಡ.”

“ಯಾಕೇ?”

“ಅದು... ಮೊದಲೇ ಇದೆಯಂತೆ. ಅಜ್ಜಿಯರ ಕಾಲದಿಂದ್ಲೂ ಇದೆಯಂತೆ. ಮಿಸ್ ಫೋಟೋ ತೋರಿಸಿದ್ರು.”

ಅಪ್ಪ ಇಸ್ತ್ರಿ ಪೆಟ್ಟಿಗೆಯನ್ನು ಮೆಲ್ಲನೆ ಪಕ್ಕಕ್ಕಿಟ್ಟರು. ಬೈಯಲಿಲ್ಲ. ಬೈದಿದ್ದರೆ ಎಷ್ಟೋ ವಾಸಿ ಎನ್ನಿಸಿತು ಅವಳಿಗೆ.

“ಸ್ಟೀಲಿಂದಾ?”

“ಸ್ಟೀಲಿಂದೂ ಇದೆ. ಗಾಜಿಂದು, ಪಿಂಗಾಣಿದು, ಎಲ್ಲಾ ಇದೆ.”

“ಅಂಚಲ್ಲಿ ಕಚ್ಚು ಇತ್ತಾ?”

“ಇತ್ತು.”

“ಒಂದೇನಾ?”

“ಒಂದೇ ಅಪ್ಪಾ.”

ಅಪ್ಪ ಶರ್ಟಿನ ಕಾಲರನ್ನು ಬೆರಳಿಂದ ಸವರಿದರು. ಆಮೇಲೆ, “ಹಾಗಾದ್ರೆ ನಾನು ಸರಿಯಾಗೇ ಮಾಡಿದ್ದೆ” ಅಂದರು. ಪ್ಲಗ್ ಕಿತ್ತರು. ಮತ್ತೆ ಗೋಡೆ ನೋಡುತ್ತಾ ಕೂತರು. ಅದೇ ಗೋಡೆ, ಅದೇ ಜಾಗ.

ಅಮ್ಮ ಬಂದವಳು ಚಪ್ಪಲಿ ಬಿಡುತ್ತಲೇ ಕೇಳಿದಳು, “ನಾಳೆ ಎಷ್ಟೊತ್ತಿಗೆ ಹೊರಡ್ತೀರಿ?”

“ಹೋಗಲ್ಲ.”

ಅಮ್ಮ ಅಪ್ಪನ ಮುಖ ನೋಡಿದಳು, ಬಟಾಣಿಯ ಮುಖ ನೋಡಿದಳು. ಒಳಗೆ ಹೋಗಿ ಒಲೆ ಹಚ್ಚಿದಳು.

ಬೆಳಿಗ್ಗೆ ಬಟಾಣಿ ಎದ್ದಾಗ ಅಮ್ಮ ಕೆಲಸಕ್ಕೆ ಹೊರಟಾಗಿತ್ತು. ಅಪ್ಪ ಕನ್ನಡಿಯ ಮುಂದೆ ತಲೆ ಬಾಚಿಕೊಳ್ಳುತ್ತಿದ್ದರು. ಮೈಮೇಲೆ ಅದೇ ಇಸ್ತ್ರಿ ಶರ್ಟು.

“ಆಫೀಸಿಗಾ ಅಪ್ಪಾ?”

“ಇಲ್ಲ. ಸುಮ್ನೆ... ಎಲ್ಲಾದ್ರೂ ಕೆಲಸ ಇದೆಯಾ ಅಂತ ವಿಚಾರಿಸಿಕೊಂಡು ಬರ್ತೀನಿ. ನೀನು ತಿಂಡಿ ತಿಂದು ಸ್ಕೂಲಿಗೆ ಹೋಗು, ಬಟಾಣಿ.” ಅವರು ನಗಲು ನೋಡಿದರು. ನಗು ಬರಲಿಲ್ಲ.

ಬಟಾಣಿ ಕಿಟಕಿಗೆ ಓಡಿದಳು. ಅಪ್ಪ ಬಿರಬಿರನೆ ಬೀದಿಯ ತುದಿಯವರೆಗೆ ನಡೆದರು. ಯಾರೋ ಕಾಯುತ್ತಿದ್ದಾರೆ ಎಂಬ ಹಾಗೆ ನಡೆದರು. ತಿರುವಿನಲ್ಲಿ ನಿಂತರು. ಬಲಕ್ಕೆ ನೋಡಿದರು. ಎಡಕ್ಕೆ ನೋಡಿದರು. ಸೈಕಲ್ಲುಗಳು ಹೋದವು, ಸ್ಕೂಲ್ ವ್ಯಾನ್ ಹೋಯಿತು, ಬಸ್ಸು ಬಂದು ಜನರನ್ನು ಹತ್ತಿಸಿಕೊಂಡು ಹೋಯಿತು. ಅಪ್ಪ ಅಲ್ಲೇ ನಿಂತಿದ್ದರು.

ಅವರಿಗೆ ಹೋಗಲು ಯಾವ ಜಾಗವೂ ಇರಲಿಲ್ಲ.

“ಅಪ್ಪಾ!” ಎಂದು ಕೂಗಬೇಕೆನ್ನಿಸಿತು ಬಟಾಣಿಗೆ. ಬಾಯಿ ತೆರೆದವಳು ಹಾಗೇ ಮುಚ್ಚಿಕೊಂಡಳು. ಅವರು ತಿರುಗಿ ನೋಡಿದರೆ ತಾನು ಕಾಣಬಾರದೆಂದು, ಸದ್ದು ಮಾಡದೆ ಕಿಟಕಿಯಿಂದ ಹಿಂದೆ ಸರಿದಳು.