ಇಪ್ಪತ್ತೆರಡು ಹಾಳೆಗಳ ಮೇಲಿನ ಹೆಸರು

“ಯಾರು ಈ ‘ಪಥಿಕ’?”

ಯಾಕುಬ್ ಝಿಲ್ಬರ್ ಸ್ವರಲಿಪಿಯ ಕಟ್ಟನ್ನು ಮೇಜಿನ ಮೇಲೆ ಎಸೆದ. ಶಾಯಿಯ ಸೀಸೆ ಅಲುಗಿತು. ಊರ್ಮಿಳಾ ಅದನ್ನು ಹಿಡಿದುಕೊಂಡಳು.

ಅದು 1971ರ ಸ್ಟುಟ್‌ಗಾರ್ಟ್. ಮೈಸೂರಿನ ಊರ್ಮಿಳಾ ಹಗಲು ರಸಾಯನಶಾಸ್ತ್ರದ ಸಂಶೋಧಕಿ. ಸಂಜೆ, ಸಂಗೀತ ಸಂಯೋಜಕನಾದ ಯಾಕುಬ್‌ನ ಕೃತಿಗಳನ್ನು ಒಬ್ಬೊಬ್ಬ ವಾದಕನಿಗೂ ಬೇರೆ ಹಾಳೆಯಲ್ಲಿ ನಕಲು ಮಾಡಿಕೊಡುತ್ತಿದ್ದಳು. ಯಹೂದಿ ಎಂಬ ಕಾರಣಕ್ಕೆ ಮೂರು ವರ್ಷದ ಹಿಂದೆ ಪೋಲೆಂಡ್ ಅವನ ಪೌರತ್ವ ಕಿತ್ತುಕೊಂಡು ಹೊರಗಟ್ಟಿತ್ತು. ತಾಯಿ ಮಾತ್ರ ವಾರ್ಸಾದಲ್ಲೇ ಉಳಿದಿದ್ದಳು.

“ನಿಮ್ಮ ಹೆಸರಿನ ಬದಲು ನಾನೇ ಹಾಕಿದ ಅಂಕಿತ. ನಮ್ಮ ದಾಸರು ಸ್ವಂತ ಹೆಸರು ಬಿಟ್ಟು ಅಂಕಿತದಲ್ಲೇ ಹಾಡು ಮುಗಿಸ್ತಿದ್ರು. ನಾಡಿದ್ದು ಇದು ರೇಡಿಯೋದಲ್ಲಿ ಬರುತ್ತೆ. ಪೋಲೆಂಡಿನ ಸರ್ಕಾರದವರೂ ಕೇಳ್ತಾರೆ. ನಿಮ್ಮ ಅಮ್ಮನಿಗೇನಾದ್ರೂ ಆದ್ರೆ?”

“ನಿಮ್ಮ ದಾಸರು ಅದನ್ನ ಪ್ರೀತಿಯಿಂದ ಒಪ್ಪಿಕೊಂಡ್ರು. ವಾರ್ಸಾದಲ್ಲಿ ನನ್ನ ಸ್ವರಲಿಪಿಗಳಿಂದ ನನ್ನ ಹೆಸರನ್ನ ಬ್ಲೇಡಿನಿಂದ ಕೆರೆದು ಹಾಕಿದ್ರು, ಊರ್ಮಿಳಾ! ಈಗ ನೀವೂ...”

‘ನಾನು? ನಾನೂ ಅವರೂ ಒಂದೇನಾ!’ ಅವಳ ಕಿವಿ ಬಿಸಿಯಾಯಿತು.

“ಅಮ್ಮನ ಕಾಗದವನ್ನ ಅಲ್ಲಿಯ ಪೊಲೀಸರು ಒಡೆದು ಓದಿಯೇ ಕಳಿಸ್ತಾರೆ ಅಂದಿದ್ದು ನೀವೇ! ಭಯಪಟ್ಟಿದ್ದು ತಪ್ಪಾ?”

“ಭಯಪಡಿ. ನನ್ನನ್ನ ಕೇಳದೆ ಬದಲಾಯಿಸಬೇಡಿ!”

ಅವನು ಜೇಬಿನಿಂದ ಕಾಗದ ತೆಗೆದ. “ಹೋದ ವಾರ ಬಂತು. ಅಮ್ಮ ಬರೆದಿದ್ದಾಳೆ... ‘ನನಗೆ ಎಪ್ಪತ್ತು ವಯಸ್ಸಾಯಿತು, ಇನ್ನೇನು ಕಿತ್ತುಕೊಳ್ಳುತ್ತಾರೆ? ರೇಡಿಯೋದಲ್ಲಿ ನಿನ್ನ ಪೂರ್ತಿ ಹೆಸರು ಕೇಳಬೇಕು.’ ಒಡೆದವರೂ ಓದಿರ್ತಾರೆ. ಓದಲಿ!”

“ಇದನ್ನ ನನಗೆ ಹೇಳಲೇ ಇಲ್ಲ! ನಕಲು ಮಾಡೋ ಕೈ ಸಾಕು, ನನ್ನ ಮನಸ್ಸು ಬೇಡ, ಅಲ್ವಾ?”

ಅವನು ಕಾಗದವನ್ನು ಜೇಬಿಗೆ ತುರುಕಿಕೊಂಡ. ಬಾಗಿಲನ್ನು ಧಡಾರನೆ ಮುಚ್ಚಿ ಹೋದ.

ಊರ್ಮಿಳಾ ಬ್ಲೇಡು ಹಿಡಿದು ‘ಪಥಿಕ’ವನ್ನು ಕೆರೆಯತೊಡಗಿದಳು. ಅವನ ಹೆಸರು ಕೆರೆದದ್ದೂ ಇಂಥದೇ ಬ್ಲೇಡಿರಬೇಕು... ಕಣ್ಣೀರು ಶಾಯಿಯ ಮೇಲೆ ಬೀಳದಂತೆ ಮುಖ ಹಿಂದೆಳೆದುಕೊಂಡಳು. ಒಂದು, ಎರಡು... ಇಪ್ಪತ್ತೆರಡು ಹಾಳೆ!

ಮರುದಿನ ತಾಲೀಮಿನ ಸಭಾಂಗಣದಲ್ಲಿ ಯಾಕುಬ್ ಪಿಟೀಲಿನ ಹಾಳೆಯನ್ನು ಎತ್ತಿಕೊಂಡ. ಮೇಲೆ ಅವನ ಪೂರ್ತಿ ಹೆಸರು. ಕೆರೆದು ಒರಟಾದ ಜಾಗವನ್ನು ಬೆರಳಿನಿಂದ ಸವರಿದ. ಕೆಳಗೆ, ನಕಲು ಮಾಡಿದವರ ಹೆಸರಿನ ಜಾಗ ಖಾಲಿ.

“ನಿಮ್ಮ ಹೆಸರೆಲ್ಲಿ?”

“ನಕಲು ಮಾಡೋ ಕೈಗೆ ಹೆಸರ್ಯಾಕೆ?”

“ಮತ್ತೆ ಹೆಸರು ಅಳಿಸೋಕೆ ಶುರು ಮಾಡಿದ್ರಾ?” ಅವನು ಪೆನ್ನು ಮುಂದೆ ಚಾಚಿದ. “ನಿಮಗೆ ಹೇಳಬೇಕಿತ್ತು. ತಪ್ಪು ನನ್ನದೂ ಇದೆ.”

“ನನಗಿನ್ನೂ ಸಿಟ್ಟಿದೆ.”

“ನನಗೂ ಇದೆ. ಸಿಟ್ಟಿನಲ್ಲೂ ನಿಮ್ಮನ್ನೇ ಪ್ರೀತಿಸ್ತೀನಿ, ಊರ್ಮಿಳಾ.”

ಅವಳು ಪೆನ್ನು ತೆಗೆದುಕೊಂಡಳು. ತುಟಿ ಬಿಗಿದುಕೊಂಡರೂ ನಗು ನಿಲ್ಲಲಿಲ್ಲ.

“ಇಪ್ಪತ್ತೆರಡರಲ್ಲೂ ಬರೀಬೇಕಾ?”

“ಇಪ್ಪತ್ತೆರಡರಲ್ಲೂ. ವಾದಕರು ಕಾಯಲಿ... ನಾನೂ ಕಾಯ್ತೀನಿ.”