ಮಹೇಶ್ವರಿಯ ಹೆಜ್ಜೆಗೆ ಸ್ವರ

“ನನ್ನ ಹೊಟ್ಟಿ ಮ್ಯಾಲೆ ಯಾಕ ಹೊಡದ್ರಿ?”

ಪರದೆಯ ಹಿಂದೆ ಬಂದವಳೇ ಮಹೇಶ್ವರಿ ಕೀಬೋರ್ಡಿನ ವಾಯರ್ ಕಿತ್ತೆಸೆದಳು. ಮೂರಡಿಯ ಅವಳ ಸಿಟ್ಟಿಗೆ ಆರಡಿಯ ಅಮರೇಶ ಬೆದರಿ ಹಿಂದೆ ಸರಿದ!

ಹುನಗುಂದದಲ್ಲಿ ಬೀಡುಬಿಟ್ಟಿದ್ದ ಆ ನಾಟಕ ಕಂಪನಿಯಲ್ಲಿ ಜನರನ್ನು ನಗಿಸುವವಳು ಅವಳೇ. ಅವಳು ಇಟ್ಟ ಹೆಜ್ಜೆಹೆಜ್ಜೆಗೂ ಅಮರೇಶ ಕೀಬೋರ್ಡಿನಲ್ಲಿ ‘ಪೊಂಯ್’ ಎಂದು ಸ್ವರ ಬಾರಿಸಬೇಕು, ಜನ ಬಿದ್ದು ಬಿದ್ದು ನಗಬೇಕು. ವರ್ಷದಿಂದ ಇದೇ ರೂಢಿ. ಆ ವರ್ಷದಲ್ಲಿ ಅವಳು ಗುಟ್ಟಾಗಿ ಅವನಿಗೆ ಮನಸ್ಸು ಕೊಟ್ಟಿದ್ದೂ ನಿಜ.

ಆದರೆ ನಾಲ್ಕು ದಿನದಿಂದ ಅವಳು ರಂಗಕ್ಕೆ ಬಂದರೆ ಅವನ ಕೈ ಸುಮ್ಮನಾಗುತ್ತಿತ್ತು. ಜನ ನಗಲೇ ಇಲ್ಲ. ಇಂದು ಮಧ್ಯಾಹ್ನದ ಆಟ ಮುಗಿಯುತ್ತಲೇ ಕಂಪನಿಯ ಒಡತಿ ಸಾವಿತ್ರೆವ್ವ ಹೇಳಿಯೇಬಿಟ್ಟರು: “ಮಂದಿ ನಗವಲ್ರು. ನಾಳಿಂದ ನೀ ಬ್ಯಾಡವಾ.”

‘ನನ್ನ ಜೋಡಿ ಬಾರಿಸಾಕ ಇವ್ರಿಗೆ ನಾಚಿಕಿ...’ ಅವಳ ಎದೆ ಒಡೆದುಹೋಗಿತ್ತು.

“ಎಲ್ಲಿ ಹೋಗ್ಲಿ ಹೇಳ್ರಿ! ಲಗ್ನದ ಮಂಟಪದ ಬಾಗಲಾಗ ಗೊಂಬಿ ವೇಷ ಹಾಕ್ಕೊಂಡು ನಿಂದರ್ಲೇನು?”

“ನಾಕ ದಿನದ ಹಿಂದ ಯಾವನೋ ‘ಗಿಡ್ಡಿ’ ಅಂತ ಸೀಟಿ ಹೊಡದ...” ಅಮರೇಶ ತೊದಲಿದ. “ಅದಕ್ಕ ನಾನೂ ತಾಳ ಹಾಕಿದಂಗ ಅನಸ್ತು. ನಿಮ್ಮನ್ನ ನೋಡಿ ಮಂದಿ ನಗೂದು... ನನ್ನ ಕಡಿಂದ ಆಗಲಿಲ್ರಿ.”

“ಕನಿಕರಾ?” ಅವಳ ದನಿ ಬಿರಿಯಿತು. “ಮಂದಿ ತಾವಾಗೇ ನಗೂದಿಲ್ರಿ. ನಾ ನಗಸ್ತೇನಿ! ನಮ್ಮಪ್ಪ ನನ್ನಷ್ಟ ಎತ್ತರ. ಸರ್ಕಸ್‌ನ್ಯಾಗ ಮೂವತ್ತ ವರ್ಷ ಜೋಕರ್ ಆಗಿದ್ದ. ಎಲ್ಲಿ ತಡೀಬೇಕು, ಯಾವಾಗ ಬೀಳಬೇಕು... ಎಲ್ಲಾ ಅಂವಾ ಕಲಿಸಿದ್ದು. ಅದನ್ನ ನಾಕ ದಿನದಾಗ ಹಾಳ ಮಾಡಿದ್ರಿ!”

ಅಮರೇಶನ ಮುಖ ಬಿಳಿಚಿಕೊಂಡಿತು. ಓಡಿಹೋಗಿ ಸಾವಿತ್ರೆವ್ವನ ಕಾಲು ಹಿಡಿದ.

“ತಪ್ಪು ನಂದರಿ, ಅವ್ವಾರ. ಸಂಜಿ ಆಟ ಒಂದು ಕೊಡ್ರಿ. ಮಂದಿ ನಗಲಿಲ್ಲಂದ್ರ ಇಬ್ರೂ ಹೋಗ್ತೇವಿ.”

ಸಂಜೆ... ಮಹೇಶ್ವರಿ ರಂಗದ ನಡುವೆ ಒಂದು ಕಾಲೆತ್ತಿ ನಿಂತುಬಿಟ್ಟಳು. ಅವನ ಬೆರಳೂ ನಿಂತಿತು. ಜನ ಉಸಿರು ಬಿಗಿಹಿಡಿದು ಕೂತಿದ್ದರು.

‘ಈಗ ನಗಲಿಲ್ಲಂದ್ರ ನನ್ನ ಕತಿ ಮುಗೀತು...’

ಕಾಲಿಟ್ಟಳು, ಜಾರಿದಳು, ಧೊಪ್ಪನೆ ಬಿದ್ದಳು. ಆದರೆ ಸ್ವರವೇ ಬರಲಿಲ್ಲ! ಅವಳ ಜೀವ ಬಾಯಿಗೆ ಬಂತು. ಮರುಕ್ಷಣ ಟೆಂಟ್ ಹಾರಿಹೋಗುವಷ್ಟು ನಗು! ಸಾವಿತ್ರೆವ್ವನೂ ನಕ್ಕು ನಕ್ಕು ಸೆರಗಿನಿಂದ ಕಣ್ಣೊರೆಸಿಕೊಂಡರು.

ಆಟ ಮುಗಿದ ಮೇಲೆ ಅವಳು ನೇರವಾಗಿ ಅವನೆದುರು ಬಂದು ನಿಂತಳು.

“ಸ್ವರ ಯಾಕ ತಪ್ಪಿಸಿದ್ರಿ? ಮತ್ತ ಕನಿಕರ ಬಂತೇನು?”

“ಇಲ್ರಿ... ನಗು ತಡಕೊಳ್ಳಾಕ ಆಗಲಿಲ್ಲ.”

“ನೀವು... ನಕ್ರಿ?”

“ಹೊಟ್ಟಿ ಹಿಡಕೊಂಡು ನಕ್ಕೆ.” ಅವನು ಅವಳ ಮುಂದೆ ನೆಲದ ಮೇಲೆ ಕುಳಿತ. “ಮಹೇಶ್ವರಿ... ವರ್ಷದಿಂದ ನೀವು ನನ್ನ ಮನಸಿನ್ಯಾಗ ಅದೀರಿ. ನನ್ನ ಮದಿವಿ ಆಗ್ತೀರೇನು?”

ಮಧ್ಯಾಹ್ನದಿಂದ ತಡೆಹಿಡಿದಿದ್ದ ಕಣ್ಣೀರು ಈಗ ಧಾರಾಕಾರವಾಗಿ ಹರಿಯಿತು.

“ಅಳಬ್ಯಾಡ್ರಿ...”

“ಅಳ್ತೇನಿ ಬಿಡ್ರಿ. ದಿನಾ ಮಂದೀನ ನಗಸಾಕಿ ನಾ... ನಿಮ್ಮ ಮುಂದರ ಅಳಾಕ ಬಿಡ್ರಿ.”

“ಅಂದ್ರ... ಹೂಂ ಅಂದಂಗೇನ್ರಿ?”

“ಹೂಂ...”