ಕಾಣೆಯಾದ ತಿಮಿಂಗಿಲ

ಮೇಕೆ ಕ್ಯಾಪ್ಟನ್ ಸೋಪಿನ ಮೇಲೆ ಜಾರಿ ಹಡಗಿನಿಂದ ಹಾರಿಬಿತ್ತು. ಕೆಳಗೆ ತಿಮಿಂಗಿಲ ಬಾಯಿ ತೆರೆಯಬೇಕಿತ್ತು. ತೆರೆಯಲಿಲ್ಲ. ಮರುಕ್ಷಣ ಮೇಕೆ ದಡದಲ್ಲಿ ಗಡ್ಡ ಹಿಂಡಿಕೊಳ್ಳುತ್ತಿತ್ತು.

ಪೀರ್ ಪಾಷಾ ಪ್ರೊಜೆಕ್ಟರ್ ನಿಲ್ಲಿಸಿದರು. "ಯಾರೋ ರೀಲ್ ಕತ್ತರಿಸವ್ರೆ!"

ಅದು ಮೂಕಿ ಕಾಲದ ಕಾರ್ಟೂನ್. ಗುಂಡ್ಲುಪೇಟೆಯ ಟೆಂಟ್ ಟಾಕೀಸ್ ಮುಚ್ಚಿದಾಗ ಆಪರೇಟರ್ ಪಾಷಾ ಉಳಿಸಿಕೊಂಡಿದ್ದ ಒಂದೇ ರೀಲು. ಪ್ರದರ್ಶನಕ್ಕೆಂದು ಎರಡು ದಿನ ಮೊದಲೇ ಚಾಮರಾಜನಗರದ ಕಾಲೇಜಿಗೆ ತಂದುಕೊಟ್ಟಿದ್ದರು.

ಉಪನ್ಯಾಸಕ ರಘುನಾಥ, ಗ್ರಂಥಪಾಲಕಿ ಶಿವರಂಜಿನಿಯ ಕಿವಿಯಲ್ಲಿ ಹೇಳಿದ. "ಬೆಳಿಗ್ಗೆ ಹಾಲ್ ಒಳಗಿದ್ದದ್ದು ಪಾಷಾ ಅವರೊಬ್ಬರೇ ಮೇಡಂ. ಒಳ್ಳೆ ಭಾಗ ಯಾರಿಗೋ ಕೊಟ್ಟಿರ್ತಾರೆ."

ಕಾರ್ಯಕ್ರಮದ ಹೊಣೆ ಅವಳದು. ಗಾಬರಿಯಾಯಿತು.

"ಬ್ಯಾಗ್ ತೆಗೀರಿ," ಎಂದಳು. ಎಲ್ಲರೆದುರಿಗೇ.

ಬ್ಲೇಡ್, ಫಿಲ್ಮ್ ಅಂಟಿಸುವ ದ್ರಾವಣದ ಸೀಸೆ, ಊಟದ ಡಬ್ಬಿ. ಹಿಂದಿನ ಸಾಲಿನಲ್ಲಿ ವಿದ್ಯಾರ್ಥಿಗಳ ಫೋನುಗಳು ಮೇಲೆದ್ದವು.

*

ಹಾಲ್ ಖಾಲಿಯಾಯಿತು; ಪಾಷಾ ಮಾತ್ರ ಪ್ರೊಜೆಕ್ಟರ್ ಬಳಿ ಉಳಿದರು. ಶಿವರಂಜಿನಿ ರೀಲನ್ನು ಬೆಳಕಿಗೆ ಹಿಡಿದಳು. ಜೋಡಣೆಗೆ ಸೆಲ್ಲೋಟೇಪ್ ಹಚ್ಚಿತ್ತು. ಕತ್ತರಿ ಚಿತ್ರದ ನಡುವೆಯೇ ಓಡಿತ್ತು. ಅಂಚು ಕಂದಾಗಿ ಉಬ್ಬಿತ್ತು.

"ನೀವು ಟೇಪ್ ಹಾಕ್ತೀರಾ?"

"ಎರಡು ಚಿತ್ರದ ನಡುವಿನ ಗೆರೆ ಮ್ಯಾಲೆ ಕುಯ್ದು, ಬ್ಲೇಡಲ್ಲಿ ಕೆರೆದು ಅಂಟಿಸ್ತೀವಿ. ಟೇಪು ಪಾರ್ಸಲ್‌ಗೆ ಹಾಕೋದು ಕಣಮ್ಮ."

"ಈ ಉಬ್ಬು?"

"ಓಡೋ ರೀಲ ನಿಲ್ಸವ್ರೆ. ನಿಂತ್ರೆ ಲ್ಯಾಂಪ್ ಸುಟ್‌ಬುಡ್ತದೆ. ಬೇಕಾದಂಗೆ ನಿಲ್ಸಕ್ಕೆ ಮೊಬೈಲಾ ಇದು?"

ಅವಳು ಫೋನಿನಲ್ಲಿ ಪ್ರದರ್ಶನದ ಆಹ್ವಾನ ಪತ್ರಿಕೆ ತೆರೆದಳು. ತಿಮಿಂಗಿಲದ ಬಾಯಲ್ಲಿ ಅರ್ಧ ಮೇಕೆ. ಓಡುವ ರೀಲಿನ ಫೋಟೋ ಆದರೆ ಮಸುಕಾಗಬೇಕು. ಇಲ್ಲಿ ಗಡ್ಡದ ಒಂದೊಂದು ಕೂದಲೂ ಸ್ಪಷ್ಟ. ಮೂಲೆಯಲ್ಲಿ ಕಂದು ಕಲೆ.

ಪತ್ರಿಕೆ ಮಾಡಿದ್ದು ರಘುನಾಥ.

*

"ನಿನ್ನೆ ಪರದೆಯ ಫೋಟೋ ತೆಗೆಯೋಕೆ ರೀಲ್ ನಿಲ್ಲಿಸಿದ್ರಿ. ಅದು ಸುಟ್ಟಿತು. ಅಲ್ವಾ?"

ಶಿವರಂಜಿನಿಯ ಮಾತಿಗೆ ಸ್ಟಾಫ್ ರೂಮಿನಲ್ಲಿ ಎಲ್ಲರೂ ತಲೆಯೆತ್ತಿದರು. ರಘುನಾಥ ಡ್ರಾಯರ್ ಎಳೆದು ಮುದುಡಿದ ಫಿಲ್ಮ್ ಸುರುಳಿಯನ್ನು ಮೇಜಿನ ಮೇಲಿಟ್ಟ.

"ಗಾಬರಿಯಲ್ಲಿ ಎಳೆದೆ, ಹರಿದುಹೋಯ್ತು. ಹಾಳಾದಷ್ಟನ್ನೂ ಕತ್ತರಿಸಿದೆ. ಚೆನ್ನಾಗಿರೋ ಫೋಟೋ ಬೇಕು ಅಂತ ಮೂರು ಸಲ ಫೋನ್ ಮಾಡಿದ್ದು ನೀವೇ ಅಲ್ವಾ?"

ನಿಜ. ಆದರೆ ಕೇಳಿದ್ದಷ್ಟೇ ಅಲ್ಲ. ಆಹ್ವಾನ ಪತ್ರಿಕೆಯ ಕಲೆಯನ್ನು ನಿನ್ನೆಯೇ ನೋಡಿದ್ದಳು. ಏನೆಂದು ವಿಚಾರಿಸಿರಲಿಲ್ಲ. ಇವತ್ತು ಮಾತ್ರ ಒಬ್ಬ ಮುದುಕನ ಬ್ಯಾಗು ತೆಗೆಸಲು ಅರೆಗಳಿಗೆಯೂ ಯೋಚಿಸಲಿಲ್ಲ.

ಬಾಗಿಲಲ್ಲಿ ನಿಂತಿದ್ದ ಪಾಷಾರ ಫೋನ್ ಬಡಿದುಕೊಂಡಿತು. ಮೊಮ್ಮಗಳು ತಮನ್ನಾ. ಬ್ಯಾಗ್ ತೆಗೆಸಿದ ವಿಡಿಯೊ ಆಗಲೇ ಗುಂಡ್ಲುಪೇಟೆ ಮುಟ್ಟಿತ್ತು.

"ತಾತ, ಏನ್ ಕದ್ರು ನಿಮ್ತಾತ ಅಂತ ಕ್ಲಾಸಲ್ಲಿ ಕೇಳ್ತಾವ್ರೆ..."

ಪಾಷಾ ಫೋನನ್ನು ಶಿವರಂಜಿನಿಗೆ ಚಾಚಿದರು. "ನಾನೇಳಿದ್ರೆ ನಂಬಕ್ಕಿಲ್ಲ. ನೀವೇ ಯೋಳಿ."

ಅವಳು ತೆಗೆದುಕೊಂಡಳು. "ನಿಮ್ಮ ತಾತ ಏನೂ ಕದ್ದಿಲ್ಲಮ್ಮ. ತಪ್ಪು ನಮ್ಮದು."

ತಮನ್ನಾ ಆ ದನಿಯನ್ನು ಗುರುತಿಸಿದಳು.

"ಬ್ಯಾಗ್ ತೆಗೀರಿ ಅಂದಿದ್ದು ನೀವೇನಾ?"

ಸ್ಟಾಫ್ ರೂಮಿಡೀ ಕೇಳುತ್ತಿತ್ತು.

"ಹೌದು. ನಾನೇ."